ಜಿಲ್ಲೆ ಬಿಟ್ಟುಕೊಡದ ಮುತ್ಯಾ

ನಮ್ಮ ಲಿಂಗಸುಗೂರು ಒಂದು ಕಾಲಕ್ಕೆ ಜಿಲ್ಲೆಯಾಗಿತ್ತು ಎಂದರೆ ಈಗ ಯಾರೂ ನಂಬುವುದಿಲ್ಲ. ನಿಜಾಮ ಸರ್ಕಾರ ಆ ಜಿಲ್ಲೆಯನ್ನು ಮುರಿದು, ಬೆಳೆಯುತ್ತಿದ್ದ ರಾಯಚೂರಿಗೆ ಸೇರಿಸಿತು. ಊರು ನಾಲ್ಕು ದಿನ ಗೊಣಗಿ ಸುಮ್ಮನಾಯಿತು. ಸುಮ್ಮನಾಗದೆ ಉಳಿದವರು ಒಬ್ಬರೇ, ನಮ್ಮ ಮುತ್ಯಾ. ನಾನು ಹುಟ್ಟುವ ಹೊತ್ತಿಗೆ ಜಿಲ್ಲೆ ಹೋಗಿ ಎಷ್ಟೋ ವರ್ಷವಾಗಿತ್ತು. ನಮ್ಮ ಮನೆಯೊಳಗೆ ಮಾತ್ರ ಅದು ಇನ್ನೂ ಜಾರಿಯಲ್ಲಿತ್ತು!

ಮುತ್ಯಾ ಎಂದರೆ ನನ್ನ ಅಪ್ಪನ ಅಪ್ಪ. ಹರೆಯದಲ್ಲಿ ಜಿಲ್ಲಾ ಕಚೇರಿಯ ಜವಾನ. ಕಚೇರಿಯ ಕುರ್ಚಿ, ಮೇಜು, ಕಪಾಟುಗಳೆಲ್ಲ ಎತ್ತಿನ ಬಂಡಿ ಏರಿ ರಾಯಚೂರಿಗೆ ಹೊರಟಾಗ, ನೀನೂ ಹತ್ತು ಎಂದರಂತೆ. ಇವರು ಸೊಂಟದ ಪಟ್ಟಿ ಬಿಚ್ಚಿ ಬಂಡಿಯೊಳಗೆ ಒಗೆದು ಹೊಲಕ್ಕೆ ನಡೆದರು. ಆದರೆ ಹೊಲಕ್ಕೆ ಹೋಗುವಾಗ ದಿನಾ ಆ ಹಳೇ ಕಚೇರಿಗೆ ಒಂದು ಸಲಾಂ. ಅಲ್ಲಿ ಬಂದು ಕೂತಿದ್ದ ತಹಶೀಲ್ದಾರರು ಅದು ತಮಗೇ ಎಂದುಕೊಂಡು ಖುಷಿಯಿಂದ ತಲೆಯಾಡಿಸುತ್ತಿದ್ದರು. ಮುತ್ಯಾಗೆ ಇದು ಸರಿಬರಲಿಲ್ಲ. ಒಂದು ದಿನ ಮೆಟ್ಟಿಲು ಹತ್ತಿ, "ಸಾಹೇಬ್ರ, ಸಲಾಂ ನಿಮಗಲ್ರೀ, ಜಿಲ್ಲಾಕ್ಕ" ಎಂದು ತಿಳಿಸಿ ಬಂದರು.

ರಾಯಚೂರಿಗೆ ಹೋಗಿ ಬಂದವರು, ಸಾವಿನ ಮನೆಯಿಂದ ಬಂದವರ ಹಾಗೆ, ತಲೆ ಮೇಲೆ ತಣ್ಣೀರು ಹಾಕಿಕೊಂಡೇ ಒಳಗೆ ಬರಬೇಕು. ಇದು ಮುತ್ಯಾನ ಕಾಯಿದೆ. ಹತ್ತಿ ಮಾರಲು ಅಲ್ಲಿಗೇ ಹೋಗಬೇಕಾಗಿದ್ದ ನಮ್ಮ ಕಾಕಾ ಚಳಿಗೆ ಹೆದರಿ, ಮಸ್ಕಿಗೆ ಹೋಗಿದ್ದೆ ಎನ್ನುತ್ತಿದ್ದ. ಒಮ್ಮೆ ಊಟಕ್ಕೆ ಕೂತವನು ಮೈಮರೆತು, ಅಂದು ಕಂಡ ರೈಲಿನ ವರ್ಣನೆ ಶುರು ಮಾಡಿದ. ಮುತ್ಯಾ ರೊಟ್ಟಿ ಮುರಿಯುತ್ತಲೇ, "ಮಸ್ಕಿಗೆ ರೈಲು ಯಾವಾಗ ಬಂತೋ?" ಎಂದರು. ಕಾಕಾ ಉಣ್ಣುವುದನ್ನು ಅರ್ಧಕ್ಕೆ ಬಿಟ್ಟು ಬಚ್ಚಲಿಗೆ ಹೋದ.

ಇಂಥ ಮನೆಗೆ ನನ್ನನ್ನು ನೋಡಲು ಬಂದ ಹುಡುಗ ಯಾವ ಊರಿನವನಿರಬೇಕು? ರಾಯಚೂರಿನವನು! ಹತ್ತಿ ಬಿಡಿಸುವ ಜಿನ್ನು ಕಾರ್ಖಾನೆಯಲ್ಲಿ ಗುಮಾಸ್ತ. ಅಪ್ಪ ತೀರಿಕೊಂಡಿದ್ದರಿಂದ ಮುತ್ಯಾ ಹೂಂ ಅನ್ನದೆ ಏನೂ ನಡೆಯುವಂತಿರಲಿಲ್ಲ. ನಾನೋ, ಬಾಗಿಲ ಸಂದಿಯಿಂದ ನೋಡಿ ಆಗಲೇ ಮನಸ್ಸು ಕೊಟ್ಟುಬಿಟ್ಟಿದ್ದೆ. ಅವಲಕ್ಕಿ ತಿನ್ನುತ್ತಿದ್ದ ಹುಡುಗನನ್ನು ಮುತ್ಯಾ, ನಮ್ಮ ಊರು ಯಾವ ಜಿಲ್ಲೆ ಎಂದು ಕೇಳಿದರು. ಪಾಪ, ಅವನಿಗೆ ಯಾರೂ ಮೊದಲೇ ಹೇಳಿಕೊಟ್ಟಿರಲಿಲ್ಲ.

"ರಾಯಚೂರು ಜಿಲ್ಲಾರೀ" ಅಂದ.

ಮುತ್ಯಾ ಎದ್ದು ಹೊರಗೆ ಹೋದವರು ತಿರುಗಿ ಬರಲಿಲ್ಲ. ಬೀಗರಾಗಬೇಕಿದ್ದವರು ಮುಖ ಮುಖ ನೋಡಿಕೊಂಡು ಬಂಡಿ ಹತ್ತಿದರು. ಅವ್ವ ಒಲೆ ಮುಂದೆ ಕೂತು ಅತ್ತಳು. ನಾನು ಹಿತ್ತಲಿಗೆ ಹೋಗಿ, ಹಾಳಾಗಿ ಹೋಗಲಿ ಈ ಜಿಲ್ಲೆ ಎಂದು ಮನಸಾರೆ ಬೈದೆ.

ಸಂಜೆ ಮುತ್ಯಾ ಹಿತ್ತಲಿಗೇ ಬಂದು, ನನ್ನ ಪಕ್ಕದ ಕಲ್ಲಿನ ಮೇಲೆ ಕೂತರು.

"ಹುಡುಗ ನಿನ್ನ ಮನಸ್ಸಿಗೆ ಬಂದಾನೇನವಾ?"

ತಲೆ ತಗ್ಗಿಸಿ ಹೂಂ ಅಂದೆ. ಅವರು ರುಮಾಲು ಬಿಚ್ಚಿ ತೊಡೆಯ ಮೇಲೆ ಇಟ್ಟುಕೊಂಡರು.

"ಜಿಲ್ಲಾ ಒಯ್ಯೋ ಮುಂದ ನಮ್ಮನ್ನ ಯಾರೂ ಒಂದು ಮಾತು ಕೇಳಲಿಲ್ಲ. ನಾನೂ ನಿನ್ನ ಕೇಳದಽ ಎದ್ದು ಹೋದೆ ನೋಡು."

ಮರುದಿನ ಬೆಳಿಗ್ಗೆ ರುಮಾಲು ಸುತ್ತಿಕೊಂಡು, ಕಾಕಾನಿಗೆ ಬಂಡಿ ಹೂಡಲು ಹೇಳಿ, ತಮ್ಮ ಜೀವಮಾನದಲ್ಲಿ ಮೊದಲ ಸಲ ರಾಯಚೂರಿಗೆ ಹೊರಟರು. ಯಾವಾಗ ಬರುತ್ತೀರಿ ಎಂದು ಅವ್ವ ಕೇಳಿದಳು. "ಅವರು ಹೂಂ ಅನ್ನೂತನಕ ಅವರ ಕಟ್ಟಿ ಮ್ಯಾಲೇ ಕುಂದರ್ತೀನಿ" ಎಂದರು. ಬಂಡಿ ಕಣ್ಮರೆಯಾಗುವವರೆಗೂ ನಾನು ಬಾಗಿಲಲ್ಲಿ ನಿಂತಿದ್ದೆ. ಅಂದು ಬಂದಷ್ಟು ಅಳು ನನಗೆ ಮದುವೆಯ ದಿನವೂ ಬರಲಿಲ್ಲ.