ಮಿನಾಟೋ ಕಳಸ ಪ್ರಕರಣ

ಪ್ರಾಚೀನ ಗ್ರೀಕರು ಕನ್ನಡ ಬಲ್ಲವರಾಗಿದ್ದರು ಎಂಬುದು ಈಗ ಇತ್ಯರ್ಥವಾಗಿರುವ ವಿಷಯ. ಟೋಕಿಯೋದ ಓಜಿಮಾ ಬಡಾವಣೆಯ ನಮ್ಮ ಅರುಣೋದಯ ಕನ್ನಡ ಕೂಟದ ಕಾರ್ಯಕಾರಿ ಸಮಿತಿಯು ಈ ಬಗ್ಗೆ ಸರ್ವಾನುಮತದ ನಿರ್ಣಯ ಕೈಗೊಂಡಿದ್ದು, ಅಥೆನ್ಸಿನಿಂದ ಇದುವರೆಗೆ ಯಾವ ಆಕ್ಷೇಪಣೆಯೂ ಬಂದಿಲ್ಲ. ಆಕ್ಷೇಪಣೆ ಸಲ್ಲಿಸುವ ಅವಧಿಯೂ ಮುಗಿದಿದೆ. ಅಂಥದೊಂದು ಅವಧಿ ಇತ್ತೆಂದು ಅಥೆನ್ಸಿಗೆ ಯಾರೂ ತಿಳಿಸಿರಲಿಲ್ಲ ಎಂದು ಕೆಲವರು ಕೊಂಕು ತೆಗೆಯುತ್ತಾರೆ. ಕೊಂಕು ತೆಗೆಯುವವರಿಗೂ ಜಪಾನಿನ ವೀಸಾ ಸಿಗುತ್ತದೆ, ಏನು ಮಾಡುವುದು. ಕೂಟದ ಜಂಟಿ ಕಾರ್ಯದರ್ಶಿಯಾಗಿ ಪ್ರಕರಣದ ಹಿನ್ನೆಲೆಯನ್ನು ಸದಸ್ಯರ ಅವಗಾಹನೆಗೆ ತರುವುದು ನನ್ನ ಕರ್ತವ್ಯವಾಗಿದೆ.

ಅದೇ ನಗರದ ಮಿನಾಟೋದಲ್ಲಿ, ರಾಯಭಾರ ಕಚೇರಿಗಳ ಬೀದಿಯ ಹಿಂದೆ, ಕುರಿಮೋತೋ ಪ್ರಾಚೀನ ಗ್ರೀಕ್ ಪುರಾತತ್ವ ಸಂಗ್ರಹಾಲಯವಿದೆ. ಬಾಟಲಿ ಮುಚ್ಚಳಗಳ ಕಾರ್ಖಾನೆ ನಡೆಸಿ ಸಿರಿವಂತರಾದ ದಿವಂಗತ ಕುರಿಮೋತೋ ಅವರು, ಮುಚ್ಚಳದ ಹಣವನ್ನೆಲ್ಲ ಸುರಿದು ಮುಚ್ಚಳವಿಲ್ಲದ ಮಡಕೆಗಳನ್ನು ಕೊಂಡು ಅದನ್ನು ಸ್ಥಾಪಿಸಿದರು. ಹೆಸರಿನಲ್ಲಿ ಕುರಿ ಇರುವುದಕ್ಕೂ ಮುಂದೆ ನಡೆದದ್ದಕ್ಕೂ ಸಂಬಂಧವಿಲ್ಲ. ಅಲ್ಲಿಗೆ ಜನ ಬರುತ್ತಿರಲಿಲ್ಲ. ಮಳೆ ಬಂದಾಗ ಕೊಡೆ ಮರೆತವರು ಒಳಗೆ ಬರುತ್ತಿದ್ದರು, ಮಳೆ ನಿಂತೊಡನೆ ಗ್ರೀಕ್ ನಾಗರಿಕತೆಯಲ್ಲಿ ಅವರ ಆಸಕ್ತಿಯೂ ನಿಲ್ಲುತ್ತಿತ್ತು. ಆದ್ದರಿಂದ ವ್ಯವಸ್ಥಾಪಕರಾದ ಮೋರಿಶಿತಾ ಸಾನ್ (ಸಾನ್ ಎನ್ನುವುದು ಅಲ್ಲಿನ ಗೌರವಪದ), ವಿದೇಶಿ ಸಮುದಾಯಗಳಿಗೆ ಒಂದು ದಿನ ಪುಕ್ಕಟೆ ಪ್ರವೇಶವೆಂದು ಪ್ರಕಟಿಸಿದರು. ಪುಕ್ಕಟೆ ಎಂಬ ಪದ ಕಿವಿಗೆ ಬಿದ್ದ ಮೇಲೆ ನಮ್ಮ ಕೂಟಕ್ಕೆ ಗ್ರೀಕರ ಮೇಲೆ ಉಕ್ಕಿದ ಅಭಿಮಾನವನ್ನು ತಡೆಯಲು ಯಾರಿಂದಲೂ ಆಗಲಿಲ್ಲ.

ಗೈಡ್ ಕೂಡ ನಮ್ಮವರೇ ಸಿಕ್ಕರು. ವಸುಂಧರಾ ಮೈಸೂರಿನಲ್ಲಿ ಪುರಾತತ್ವದಲ್ಲಿ ಎಂ.ಎ. ಮಾಡಿದವರು. ಗಂಡ ಮುಕುಂದನ ವೀಸಾದ ಬೆನ್ನಿಗೆ ಅಂಟಿಕೊಂಡು ಟೋಕಿಯೋಗೆ ಬಂದು, ಮಗಳು ಹರ್ಷಿಣಿಯನ್ನು ಶಾಲೆಗೆ ಬಿಟ್ಟು, ಮಿಕ್ಕ ಹೊತ್ತಿನಲ್ಲಿ ಜಪಾನಿ ಕಲಿತರು. ಬೀದಿಮೂಲೆಯ ಕೊಂಬಿನಿ ಅಂಗಡಿಯಲ್ಲಿ ಹಾಲಿನ ಪ್ಯಾಕೆಟ್ ಕೇಳುವಷ್ಟಲ್ಲ, ಮ್ಯೂಸಿಯಮ್ಮಿನ ಫಲಕಗಳನ್ನು ಓದುವಷ್ಟು. ಕೊನೆಗೆ ಕುರಿಮೋತೋದವರು ಆಕೆಯನ್ನು ಉಮೇದುವಾರಿಯ ಮೇಲೆ ಗೈಡ್ ಎಂದು ಸೇರಿಸಿಕೊಂಡರು. ನಮ್ಮ ಕೂಟದ ಭೇಟಿ ಸಸೂತ್ರವಾಗಿ ನಡೆದರೆ ಕೆಲಸ ಖಾಯಂ, ಇಲ್ಲವಾದರೆ ಮತ್ತೆ ಅಡುಗೆಮನೆ. ಆ ಕೆಲಸ ಆಕೆಗೆ ಬೇಕೇ ಬೇಕಾಗಿತ್ತು, ಮತ್ತು ಆಕೆ ಅದಕ್ಕೆ ಅರ್ಹರಾಗಿದ್ದರು. ಈ ಎರಡನೆಯ ಅಂಶವೇ ಮುಂದೆ ತೊಡಕಾಯಿತು.

ಸಂಗ್ರಹಾಲಯದ ಪರೀಕ್ಷಾ ಪದ್ಧತಿ ಸರಳವಾದದ್ದು. ಮೋರಿಶಿತಾ ಸಾನ್ ಗುಂಪಿನ ಹಿಂದೆ ನಿಂತು ಅತಿಥಿಗಳ ಮುಖ ನೋಡುತ್ತಾರೆ. ಮುಖದಲ್ಲಿ ಸಮಾಧಾನ ಕಂಡರೆ ಗೈಡ್ ಪಾಸು, ಅಸಮಾಧಾನ ಕಂಡರೆ ಫೇಲು. ಗೈಡ್ ಹೇಳಿದ್ದು ನಿಜವೋ ಅಲ್ಲವೋ ಎಂದು ನೋಡುವ ಕ್ರಮ ಅಲ್ಲಿಲ್ಲ, ಏಕೆಂದರೆ ಅದು ಗೈಡನ್ನು ಅನುಮಾನಿಸಿದಂತಾಗಿ ಅಸಭ್ಯವೆನಿಸುತ್ತದೆ.

ಕೂಟದ ಅಧ್ಯಕ್ಷರಾದ ರಾಮಪ್ರಸಾದರು ಒಂದು ಸಾಫ್ಟ್‌ವೇರ್ ಕಂಪನಿಯಲ್ಲಿ ಡೆಲಿವರಿ ಹೆಡ್. ಮುಕುಂದ ಅದೇ ಕಂಪನಿಯಲ್ಲಿ ಅವರ ಕೈಕೆಳಗಿನವನಾದ್ದರಿಂದ ಇತಿಹಾಸದ ವಿಷಯದಲ್ಲಿ ತಟಸ್ಥ. ಭೇಟಿಯ ದಿನ ಬೆಳಿಗ್ಗೆ ಅಧ್ಯಕ್ಷರು ಬಾಗಿಲ ಬಳಿ ನಿಂತು ಪ್ರಕಟಣೆ ಓದಿದರು. ಸದಸ್ಯರು ಪ್ರತಿಮೆಗಳಿಗೆ ಒರಗಬಾರದು. ಪುಳಿಯೋಗರೆಯನ್ನು ಹೊರಗಿನ ಲಾಕರಿನಲ್ಲಿ ಇಡತಕ್ಕದ್ದು. ಪ್ರತಿಮೆಗಳು ಬಟ್ಟೆ ತೊಟ್ಟಿಲ್ಲದ ಕೋಣೆಯಲ್ಲಿ ಕುಟುಂಬಸಮೇತ ಬಂದವರು ಸೀಲಿಂಗ್ ನೋಡತಕ್ಕದ್ದು. ಮೊದಲ ಕೋಣೆಯನ್ನು ಇಡೀ ಕೂಟ ಕತ್ತೆತ್ತಿಕೊಂಡೇ ದಾಟಿತು. ಸೀಲಿಂಗ್ ಚೆನ್ನಾಗಿತ್ತು.

ಆ ಮಡಕೆ ಇದ್ದದ್ದು ಎರಡನೆಯ ಕೋಣೆಯಲ್ಲಿ, ಗಾಜಿನ ಪೆಟ್ಟಿಗೆಯೊಳಗೆ. ಕಪ್ಪು ಮೈ, ಅದರ ಮೇಲೆ ಕೆಮ್ಮಣ್ಣಿನ ಬಣ್ಣದಲ್ಲಿ ಈಟಿ ಹಿಡಿದ ಒಬ್ಬ ಹುಡುಗ, ಅವನ ತಲೆಯ ಪಕ್ಕದಲ್ಲಿ ನಾಲ್ಕಾರು ಅಕ್ಷರ. ಇದು ನೀರು ತುಂಬುವ ಪಾತ್ರೆ ಎಂದು ವಸುಂಧರಾ ವಿವರಿಸಿದರು. ಎಲ್ಲರೂ ತಲೆಯಾಡಿಸಿದರು. ಆ ಗ್ರೀಕ್ ಅಕ್ಷರಗಳನ್ನು ಫಲಕದಲ್ಲಿ ಇಂಗ್ಲಿಷ್ ಲಿಪಿಗೆ ಇಳಿಸಿ ಬರೆದಿದ್ದರು. ರಾಮಪ್ರಸಾದರು ಕನ್ನಡಕವನ್ನು ಹಣೆಗೇರಿಸಿ, ಬಗ್ಗಿ, ಒಂದೊಂದೇ ಅಕ್ಷರ ಕೂಡಿಸಿ ಓದಿದರು. ಆಮೇಲೆ ನಿಧಾನವಾಗಿ ನೆಟ್ಟಗಾಗಿ, "ಕಳಸ," ಎಂದರು.

ನೀರು ತುಂಬುವ ಪಾತ್ರೆ, ಅದರ ಮೇಲೆ ಕಳಸ ಎಂದು ಬರಹ. ಸಾಂಸ್ಕೃತಿಕ ಉಪಸಮಿತಿಯ ಕಾತ್ಯಾಯಿನಿಯವರು ಚಪ್ಪಲಿ ಬಿಚ್ಚಿ ಪಕ್ಕಕ್ಕಿಟ್ಟರು.

"ಸರ್, ಅದು ಕಲೋಸ್," ಎಂದರು ವಸುಂಧರಾ. "ಚೆಂದ ಅಂತ ಅರ್ಥ. ಚಿತ್ರ ಇದೆಯಲ್ಲ, ಈ ಹುಡುಗ ಚೆಂದ ಅಂತ ಬರ್ದಿದಾರೆ. ಆಗಿನ ಫ್ಯಾಷನ್ ಅದು, ಸುಮಾರು ಮಡಕೆಗಳ ಮೇಲೆ ಹೀಗೇ ಇದೆ."

"ಮೇಡಮ್, ಕಾಮನ್ ಸೆನ್ಸ್ ಹೇಳಿ. ಮಡಕೆ ಮೇಲೆ ಮಡಕೆ ಅಂತ ಬರೀತಾರೋ, ಹುಡುಗ ಚೆಂದ ಅಂತ ಬರೀತಾರೋ?" ಎಂದರು ಅಧ್ಯಕ್ಷರು.

ಇಂಥ ಪ್ರಶ್ನೆಗೆ ಯಾವ ವಿಶ್ವವಿದ್ಯಾಲಯದಲ್ಲೂ ಉತ್ತರ ಕಲಿಸುವುದಿಲ್ಲ. ತಮ್ಮ ಮನೆಯ ಸಕ್ಕರೆ ಡಬ್ಬಿಯ ಮೇಲೆ ಸಕ್ಕರೆ ಎಂದೇ ಬರೆದಿದೆಯೆಂದು ಕಾತ್ಯಾಯಿನಿಯವರು ಸಾಕ್ಷ್ಯ ನುಡಿದರು. ಪಕ್ಕದ ಮಡಕೆಗಳ ಮೇಲೆ ಯಾರು ಯಾರದೋ ಹೆಸರುಗಳಿವೆಯಲ್ಲ ಎಂದು ವಸುಂಧರಾ ತೋರಿಸಿದಾಗ ಅದಕ್ಕೂ ಸಮಾಧಾನ ಸಿಕ್ಕಿತು. ಮದುವೆಯಲ್ಲಿ ಪಾತ್ರೆ ಉಡುಗೊರೆ ಕೊಡುವವರು ತಮ್ಮ ಹೆಸರು ಕೊರೆಸಿಯೇ ಕೊಡುವುದು, ಗ್ರೀಕರಲ್ಲೂ ಮುಯ್ಯಿ ಇತ್ತು ಎಂದಾಯಿತು. ಲೋ ಇದ್ದದ್ದು ಳ ಹೇಗಾಯಿತು ಎಂಬ ಶಂಕೆಯನ್ನು ಅಧ್ಯಕ್ಷರೇ ಪರಿಹರಿಸಿದರು. ಇಂಗ್ಲಿಷಿನಲ್ಲಿ ಳ ಇಲ್ಲ, ಮೈಸೂರನ್ನು ಮೈಸೋರ್ ಮಾಡಿದವರು ಕಳಸವನ್ನು ಬಿಡುತ್ತಾರೆಯೇ. ಅಷ್ಟರಲ್ಲಿ ಹರ್ಷಿಣಿ ಗಾಜಿಗೆ ಮೂಗು ತಾಗಿಸಿ, ಫಲಕದ ಜಪಾನಿ ಸಾಲನ್ನು ಓದಿ, "ಅಮ್ಮ ಈಸ್ ರೈಟ್. ಇಟ್ ಸೇಸ್ ಕಿರೇ," ಎಂದಳು. ಕಿರೇ ಎಂದರೆ ಜಪಾನಿಯಲ್ಲಿ ಚೆಂದ. ಎಲ್ಲಿ, ಕಳಸ ಅನ್ನು ಪುಟ್ಟಿ ಎಂದರು ಅಧ್ಯಕ್ಷರು. ಜಪಾನಿನಲ್ಲೇ ಬೆಳೆದ ಮಗು, ಕರಸ ಎಂದಳು. ಳ ಬಾರದವರ ಅಭಿಪ್ರಾಯವನ್ನು ಪರಿಗಣಿಸಬೇಕಾಗಿಲ್ಲವೆಂದು ಸ್ಥಳದಲ್ಲೇ ತೀರ್ಮಾನವಾಯಿತು.

ವಸುಂಧರಾ ಮಾತ್ರ ಹಟ ಬಿಡದೆ ಇನ್ನೊಮ್ಮೆ ಚೆಂದ ಎಂದರು. ಕೂಟದ ಮುಖಗಳೆಲ್ಲ ಹುಳಿ ತಿಂದಂತಾದವು. ಹಿಂದೆ ನಿಂತಿದ್ದ ಮೋರಿಶಿತಾ ಸಾನ್ ಅದನ್ನು ಗಮನಿಸಿ, ಸುಮಿಮಾಸೆನ್, ಅಂದರೆ ಕ್ಷಮಿಸಿ, ಎನ್ನುತ್ತ ಮುಂದೆ ಬಂದರು. ಇದು ಕನ್ನಡದ ಕಳಸ, ಫಲಕವನ್ನು ತಿದ್ದಬೇಕು ಎಂದು ರಾಮಪ್ರಸಾದರು ಅವರಿಗೆ ಇಂಗ್ಲಿಷಿನಲ್ಲಿ ಮನವಿ ಮಾಡಿದರು. ಮೋರಿಶಿತಾ ಸಾನ್ ತಲೆಯನ್ನು ಓರೆ ಮಾಡಿ, ಹಲ್ಲಿನ ಸಂದಿಯಿಂದ ಉಸಿರೆಳೆದು, "ಚೊತ್ತೊ..." ಎಂದು ಅಲ್ಲಿಗೇ ನಿಲ್ಲಿಸಿದರು.

ಚೊತ್ತೊ ಎಂದರೆ ಸ್ವಲ್ಪ. ಜಪಾನಿನಲ್ಲಿ ಯಾರಾದರೂ ಹೀಗೆ ಚೊತ್ತೊ ಎಂದು ಮಾತು ನಿಲ್ಲಿಸಿದರೆ, ಪ್ರಾಣ ಹೋದರೂ ಆಗದು ಎಂದರ್ಥ. ಇಲ್ಲವೆನ್ನುವುದು ಒರಟುತನವಾದ್ದರಿಂದ ವಾಕ್ಯವನ್ನು ಅರ್ಧಕ್ಕೆ ಬಿಡುತ್ತಾರೆ, ಮಿಕ್ಕರ್ಧವನ್ನು ಕೇಳಿದವರೇ ಊಹಿಸಿ ನಾಚಿಕೊಳ್ಳಬೇಕು. ಆದರೆ ಬೆಂಗಳೂರಿನವರ ಎದುರು ಸ್ವಲ್ಪ ಎಂದು ಅರ್ಧಕ್ಕೆ ಬಿಟ್ಟರೆ ಮಿಕ್ಕರ್ಧ ಒಂದೇ.

"ಸ್ವಲ್ಪ ಅಡ್ಜಸ್ಟ್ ಮಾಡ್ಕೊಂಡ್ರೆ ಆಗುತ್ತೆ ಅಂತಿದಾರೆ," ಎಂದು ರಾಮಪ್ರಸಾದರು ಎಲ್ಲರಿಗೂ ತಿಳಿಸಿದರು.

"ಸರ್, ಆಗಲ್ಲ ಅಂತಿದಾರೆ ಅವರು," ಎಂದರು ವಸುಂಧರಾ.

"ಆಗಲ್ಲ ಅನ್ನೋರು ಇಷ್ಟು ಬಗ್ಗಿ ನಮಸ್ಕಾರ ಮಾಡ್ತಾರಾ ಮೇಡಮ್?"

ಮೋರಿಶಿತಾ ಸಾನ್ ನಿಜಕ್ಕೂ ಸೊಂಟದವರೆಗೆ ಬಗ್ಗಿದ್ದರು. ಕೂಟ ಚಪ್ಪಾಳೆ ತಟ್ಟಿತು.

ಮುಂದಿನದು ತಾನಾಗಿಯೇ ನಡೆಯಿತು. ಸಮಿತಿಯು ನಿರ್ಣಯ ಅಂಗೀಕರಿಸಿತು. ವಾಕೋದ ಸಂಶೋಧನಾ ಸಂಸ್ಥೆಯಲ್ಲಿರುವ ಮಧುಕರ್ ಅವರ ಅಭಿಪ್ರಾಯ ಕೇಳಿದಾಗ, ತಮ್ಮ ಕ್ಷೇತ್ರ ಅಣುಕಣಗಳೇ ಹೊರತು ಮಡಕೆಗಳಲ್ಲ ಎಂದರು. ವಿಜ್ಞಾನಿಗಳು ಇದನ್ನು ಅಲ್ಲಗಳೆದಿಲ್ಲ ಎಂದು ದಾಖಲಿಸಿಕೊಳ್ಳಲಾಯಿತು. ರಾಜ್ಯೋತ್ಸವದ ವೇದಿಕೆಗೆ ಮೋರಿಶಿತಾ ಸಾನ್ ಅವರನ್ನು ಕರೆಸಿ, ಶಾಲು ಹೊದಿಸಿ, ಮೈಸೂರು ಪೇಟ ತೊಡಿಸಿ, ಹಣ್ಣಿನ ಬುಟ್ಟಿ ಕೊಟ್ಟೆವು. ಯಾಕೆ ಎಂದು ಕೇಳುವುದು ಅಸಭ್ಯವಾದ್ದರಿಂದ ಅವರು ಕೇಳಲಿಲ್ಲ. ಆದರೆ ಜಪಾನಿನಲ್ಲಿ ಉಡುಗೊರೆ ಪಡೆದವರು ಅದರ ಅರ್ಧದಷ್ಟನ್ನಾದರೂ ಹಿಂದಿರುಗಿಸಬೇಕೆಂಬ ರೂಢಿಯಿದೆ. ಪೇಟದ ಅರ್ಧಕ್ಕೆ ಸಮನಾದದ್ದು ಯಾವುದೆಂದು ಸಂಗ್ರಹಾಲಯದಲ್ಲಿ ದೀರ್ಘ ಸಮಾಲೋಚನೆ ನಡೆಯಿತಂತೆ. ಕೊನೆಗೆ ಫಲಕದ ಕೆಳಗೆ ಅರ್ಧ ಸಾಲು ಸೇರಿಸಿದರು: ಇದನ್ನು ಕಳಸವೆಂದು ಬಲ್ಲವರೂ ಉಂಟು.

ಬಲ್ಲವರು ಬರತೊಡಗಿದರು. ಓಜಿಮಾದಿಂದ ರೈಲು ತುಂಬಿಕೊಂಡು ಬಂದರು, ಊರಿಂದ ಬಂದ ಅತ್ತೆ ಮಾವಂದಿರನ್ನು ಕರೆತಂದರು. ವರಮಹಾಲಕ್ಷ್ಮಿ ಹಬ್ಬದ ದಿನ ಸಾಲು ಬೀದಿಗೆ ಬಂತು. ಅರಿಶಿನ ಕುಂಕುಮವನ್ನು ಗಾಜಿನ ಹೊರಮೈಗೆ ಮಾತ್ರ ಹಚ್ಚತಕ್ಕದ್ದು, ಒರೆಸುವ ಬಟ್ಟೆಯನ್ನು ಭಕ್ತರೇ ತರತಕ್ಕದ್ದು ಎಂದು ಸಂಗ್ರಹಾಲಯ ನಿಯಮ ಹೊರಡಿಸಿತು. ಕುರಿಮೋತೋ ಕಾರ್ಖಾನೆ ಎಚ್ಚೆತ್ತುಕೊಂಡು, ಅದೇ ಮಡಕೆಯ ಪ್ಲಾಸ್ಟಿಕ್ ಪ್ರತಿಕೃತಿಯನ್ನು ಮುಚ್ಚಳಸಹಿತ ಮಾರಾಟಕ್ಕಿಟ್ಟಿತು. ದುಡ್ಡು ಬರುವ ದಾರಿ ಕಂಡ ಮೇಲೆ ಫಲಕದ ಅರ್ಧ ಸಾಲು ಮೇಲಕ್ಕೇರಿತು, ಚೆಂದ ಎಂಬುದು ಕೆಳಗಿಳಿದು, ಕೆಲವು ದಿನಗಳ ನಂತರ ಎಲ್ಲೂ ಕಾಣಲಿಲ್ಲ.

ಈ ನಡುವೆ ಮೋರಿಶಿತಾ ಸಾನ್, ಇನ್ನೂ ಉಮೇದುವಾರಿಯಲ್ಲೇ ಇದ್ದ ವಸುಂಧರಾ ಅವರನ್ನು ಕರೆಸಿ, ಹಸಿರು ಚಹಾ ಕೊಟ್ಟು, ತಮ್ಮ ಅವಲೋಕನವನ್ನು ತಿಳಿಸಿದರು. ಚೆಂದ ಎಂದಾಗ ಅತಿಥಿಗಳ ಮುಖ ಬಾಡುತ್ತದೆ, ಕಳಸ ಎಂದಾಗ ಅರಳುತ್ತದೆ. ಖಾಯಂ ಗೈಡಿಗೆ ಇದು ಗೊತ್ತಿರಬೇಕಾದ ಸಂಗತಿ. ಅಷ್ಟು ಹೇಳಿ ಅವರು ಬಗ್ಗಿ ನಮಸ್ಕರಿಸಿದರು. ಆ ಸಂಜೆ ಮನೆಯಲ್ಲಿ ನಡೆದದ್ದನ್ನು ಮುಕುಂದನೇ ಸಮಿತಿಗೆ ವರದಿ ಮಾಡಿದ್ದಾನೆ. ಒಂದೇ ಒಂದು ಪದ ಕಣೇ ವಸು, ಹೇಳಿಬಿಡು ಎಂದನಂತೆ.

"ಒಂದು ಪದ ಸರಿಯಾಗಿ ಓದಕ್ಕೆ ತಾನೇ ರೀ ನಾನು ಇಷ್ಟು ವರ್ಷ ಓದಿದ್ದು," ಎಂದರಂತೆ ಆಕೆ.

ಮಾತು ಒಳ್ಳೆಯದೇ. ಆದರೆ ಬೆಳಿಗ್ಗೆ ಎದ್ದರೆ ಅಡುಗೆಮನೆಯ ಸಿಂಕು ಎದುರಿಗಿರುತ್ತದೆ, ಅದಕ್ಕೆ ಎಂ.ಎ. ಬೇಕಾಗಿಲ್ಲ. ಮುಂದಿನ ಭಾನುವಾರ ವಸುಂಧರಾ ಗಾಜಿನ ಪೆಟ್ಟಿಗೆಯ ಮುಂದೆ ನಿಂತು, ಸ್ಪಷ್ಟವಾದ ಉಚ್ಚಾರಣೆಯಲ್ಲಿ ಕಳಸ ಎಂದರು. ಕೂಟದ ಮುಖಗಳು ಅರಳಿದವು. ಆಕೆಯ ಎದೆಗೆ ಖಾಯಂ ಗೈಡಿನ ಬಿಲ್ಲೆ ಬಂತು. ಆ ಹೊತ್ತಿನಲ್ಲಿ ಆಕೆಯ ಮುಖ ನೋಡಲು ನನಗೆ ನಿಜವಾಗಿ ಕಷ್ಟವಾಯಿತು, ಆದ್ದರಿಂದ ಸೀಲಿಂಗ್ ನೋಡಿದೆ.

ಕಳೆದ ತಿಂಗಳು ಒಬ್ಬ ಪ್ರವಾಸಿ ಹೆಂಗಸು ಬಂದರು. ಗ್ರೀಸಿನವರು, ಅಲ್ಲಿನ ಶಾಲೆಯೊಂದರಲ್ಲಿ ಉಪಾಧ್ಯಾಯಿನಿ. ಮಡಕೆಯ ಮೇಲಿನ ಅಕ್ಷರಗಳನ್ನು ನೋಡಿ, ದೂರದೂರಿನಲ್ಲಿ ನೆಂಟರು ಸಿಕ್ಕಂತೆ ನಕ್ಕು, ಕಲೋಸ್ ಎಂದು ಗಟ್ಟಿಯಾಗಿ ಓದಿದರು. ಬೀಗರನ್ನು ಕರೆದುಕೊಂಡು ಬಂದಿದ್ದ ರಾಮಪ್ರಸಾದರು ಅದನ್ನು ಕೇಳಿಸಿಕೊಂಡು ನೊಂದುಕೊಂಡರು. ಹೊರಗೆ ಬೆಳೆದ ಮಕ್ಕಳ ಪ್ರಾಬ್ಲಮ್ಮೇ ಇದು, ಪಾಪ, ಳ ಬರುವುದಿಲ್ಲ ಎಂದರು. ಆಕೆಯ ಬಳಿ ಹೋಗಿ ಇಂಗ್ಲಿಷಿನಲ್ಲಿ ಉಚ್ಚಾರಣೆಯನ್ನು ತಿದ್ದಿ, ಭಾನುವಾರದ ಕನ್ನಡ ತರಗತಿಗೆ ಬರಬಹುದೆಂದು ಆಹ್ವಾನಿಸಿದರು.

ಆಕೆ ಕಕ್ಕಾಬಿಕ್ಕಿಯಾಗಿ ಬಿಲ್ಲೆ ತೊಟ್ಟಿದ್ದ ವಸುಂಧರಾ ಅವರ ಕಡೆಗೆ ತಿರುಗಿದರು. ನೀವಾದರೂ ಓದಿದವರಂತೆ ಕಾಣುತ್ತೀರಿ, ಇದು ಚೆಂದ ಎಂದೇ ಅಲ್ಲವೇ ಎಂದು ಕೇಳಿದರು. ವಸುಂಧರಾ ಮಡಕೆಯನ್ನು ನೋಡಿದರು. ಗುಂಪಿನ ಹಿಂದೆ ನಿಂತು ಮುಖಗಳನ್ನು ನೋಡುತ್ತಿದ್ದ ಮೋರಿಶಿತಾ ಸಾನ್ ಅವರನ್ನು ನೋಡಿದರು. ಆಮೇಲೆ ತಲೆಯನ್ನು ಓರೆ ಮಾಡಿ, ಹಲ್ಲಿನ ಸಂದಿಯಿಂದ ಉಸಿರೆಳೆದರು.

"ಚೊತ್ತೊ..." ಎಂದರು.

ಗ್ರೀಕ್ ಉಪಾಧ್ಯಾಯಿನಿಗೆ ಜಪಾನಿ ಬಾರದು. ಏನೆಂದರು ಎಂದು ರಾಮಪ್ರಸಾದರನ್ನು ಕೇಳಿದರು. ಸ್ವಲ್ಪ ಅಡ್ಜಸ್ಟ್ ಮಾಡಿಕೊಳ್ಳಿ ಎನ್ನುತ್ತಿದ್ದಾರೆ ಎಂದು ಅವರು ಭಾಷಾಂತರಿಸಿದರು.

ಆಕೆ ಮಾಡಿಕೊಂಡರು. ಹೋಗುವಾಗ ಅಂಗಡಿಯಲ್ಲಿ ಒಂದು ಪ್ಲಾಸ್ಟಿಕ್ ಕಳಸವನ್ನೂ ಕೊಂಡರು, ಮುಚ್ಚಳ ಚೆಂದವಿದೆ ಎಂದರು. ಹೀಗೆ ಗ್ರೀಕರ ಕಡೆಯಿಂದಲೂ ಒಪ್ಪಿಗೆ ದೊರೆತಿರುವುದರಿಂದ ಪ್ರಕರಣವನ್ನು ಮುಕ್ತಾಯಗೊಳಿಸಲಾಗಿದೆ.