ಅತ್ತೆಯ ಎಡಗೆನ್ನೆಯ ಬಿಸಿಲು

ಬೆಳಕು ಸರಳರೇಖೆಯಲ್ಲಿ ಚಲಿಸುತ್ತದೆ ಎಂದು ಎಷ್ಟೋ ವರ್ಷಗಳಿಂದ ಮಕ್ಕಳಿಗೆ ಹೇಳಿಕೊಟ್ಟು ಸಂಬಳ ತೆಗೆದುಕೊಳ್ಳುತ್ತಿರುವವಳು ನಾನು. ಕಂಪ್ಲಿಯ ಒಂದು ಪ್ರೌಢಶಾಲೆಯಲ್ಲಿ ವಿಜ್ಞಾನದ ಟೀಚರು. ಕಪ್ಪುಹಲಗೆಯ ಮೇಲೆ ಮೇಣದಬತ್ತಿ, ಅದರ ಮುಂದೊಂದು ಚೆಂಡು, ಚೆಂಡಿನ ಹಿಂದೆ ಒಂದಿಷ್ಟು ನೆರಳು ಬರೆದು ಕೈ ಝಾಡಿಸಿಕೊಂಡರೆ ನನ್ನ ಮಟ್ಟಿಗೆ ಬೆಳಕಿನ ಸಮಾಚಾರ ಮುಗಿಯುತ್ತಿತ್ತು. ಚೆಂಡಿಗೆ ಮೂಗಿಲ್ಲದಿರುವುದು ಎಂಥ ದೊಡ್ಡ ಅನುಕೂಲ ಎಂಬುದು ಮನುಷ್ಯರ ಮುಖ ಬರೆಯಲು ಕುಳಿತ ಮೇಲೆ ಗೊತ್ತಾಯಿತು. ಗೊತ್ತಾಗದೇ ಇದ್ದಿದ್ದರೆ ನೆಮ್ಮದಿಯಾಗಿರುತ್ತಿದ್ದೆ.

ಈ ಹುಚ್ಚು ಹತ್ತಿದ್ದು ಮೊಬೈಲಿನಿಂದ. ಗಡ್ಡದ ಮಹಾನುಭಾವನೊಬ್ಬ ಪೆನ್ಸಿಲ್ ಆಡಿಸುತ್ತ, ಮುಖದ ಗೆರೆ ಬರೆಯಬೇಡಿ, ನೆರಳನ್ನು ಮಾತ್ರ ಬರೆಯಿರಿ, ಬೆಳಕಿನ ಜಾಗವನ್ನು ಹಾಗೇ ಬಿಡಿ, ಮುಖ ತಾನಾಗಿ ಎದ್ದು ಬರುತ್ತದೆ ಎನ್ನುತ್ತಿದ್ದ. ಕಣ್ಣು ಅರ್ಧ ಮುಚ್ಚಿ ನೋಡಿದರೆ ನೆರಳಿನ ಆಕಾರ ಸ್ಪಷ್ಟವಾಗುತ್ತದಂತೆ. ಸರಿ, ಕಂಡಕಂಡವರನ್ನೆಲ್ಲ ಕಣ್ಣು ಅರ್ಧ ಮುಚ್ಚಿ ನೋಡತೊಡಗಿದೆ. ಸ್ಟಾಫ್ ಮೀಟಿಂಗಿನಲ್ಲಿ ಹೆಡ್‌ಮಾಸ್ಟರರ ಕೆಳದುಟಿಯ ಕೆಳಗಿನ ನೆರಳನ್ನು ಅಭ್ಯಾಸ ಮಾಡುತ್ತಿದ್ದಾಗ ಅವರು ಮಾತು ನಿಲ್ಲಿಸಿ, "ಮೇಡಂ, ನಿದ್ದಿ ಬಂದಿದ್ರ ಮಾರಿ ತೊಳ್ಕೊಂಡ್ ಬರ್ರಿ" ಎಂದರು. ಬಸ್ಸಿನಲ್ಲಿ ಕಿಟಕಿ ಪಕ್ಕ ಕೂತವರ ಮುಖಕ್ಕೆ ಒಂದೇ ಕಡೆಯಿಂದ ಬೆಳಕು ಬೀಳುತ್ತದೆ, ಅಭ್ಯಾಸಕ್ಕೆ ಹೇಳಿ ಮಾಡಿಸಿದಂತಿರುತ್ತದೆ. ಆದರೆ ಹಾಗೆ ಕೂತಿದ್ದ ಹೆಂಗಸೊಬ್ಬಳು ಸೆರಗಿನಿಂದ ಮತ್ತೆ ಮತ್ತೆ ಕೆನ್ನೆ ಒರೆಸಿಕೊಂಡು, ಕೊನೆಗೆ ತಡೆಯಲಾರದೆ, "ಏನ್ರಿ ಅಕ್ಕಾರ, ನನ್ನ ಮಾರಿಗೆ ಏನರ ಹತ್ತೈತೇನ್ರಿ?" ಎಂದು ಕೇಳಿಯೇಬಿಟ್ಟಳು. ನಾನು ನಮ್ಮೂರು ಹೊಸಪೇಟೆ ಬರುವವರೆಗೂ ತಲೆ ಎತ್ತಲಿಲ್ಲ.

ನನ್ನ ಅವಸ್ಥೆ ನೋಡಲಾರದೆ, ಸಂಡೂರಿನ ಗಣಿ ಆಫೀಸಿನಲ್ಲಿ ಕೆಲಸ ಮಾಡುವ ನನ್ನ ಗಂಡ ಒಂದು ಉಪಾಯ ಹೇಳಿದರು. "ಹಂಪಿಗೆ ಹೋಗು. ಅಲ್ಲಿ ಕಲ್ಲಿನ ಮೂರ್ತಿ ಬೇಕಾದಷ್ಟು ಅದಾವ. ಅಲುಗಾಡಂಗಿಲ್ಲ, ಯಾಕ್ ನೋಡ್ತಿ ಅಂತ ಕೇಳಂಗಿಲ್ಲ." ಭಾನುವಾರ ಬುತ್ತಿ ಕಟ್ಟಿಕೊಂಡು ಹೋದೆ. ನನಗೆ ಮುಖ್ಯವಾಗಿ ಬೇಕಾಗಿದ್ದದ್ದು ಮೂಗಿನ ನೆರಳು. ನಾನು ಯಾವ ಮೂರ್ತಿಯ ಮುಂದೆ ಕೂತರೂ ಅದರ ಮೂಗನ್ನು ಯಾರೋ ಯಾವ ಕಾಲದಲ್ಲೋ ಒಡೆದು ಹೋಗಿದ್ದರು. ಮೊಸರನ್ನ ತಿಂದು ಮನೆಗೆ ಬಂದೆ.

ಅಷ್ಟಕ್ಕೇ ಪೆನ್ಸಿಲನ್ನು ಕಿಟಕಿಯಾಚೆ ಎಸೆದಿದ್ದರೆ ಈ ಕಥೆ ಇರುತ್ತಿರಲಿಲ್ಲ. ಆದರೆ ಅಂದು ಸಂಜೆ ನಮ್ಮ ಅತ್ತೆ, ಹುಣಸೆಹಣ್ಣಿನ ಬೀಜ ಬಿಡಿಸುತ್ತಿದ್ದವರು, ತಲೆ ಎತ್ತದೆ ಕೇಳಿದರು: "ನನ್ನ ಮಾರಿ ಬರಿಯಾಕ ಬರ್ತೈತೇನು ನಿನಗ?"

ಇದರ ಮಹತ್ವ ಓದುಗರಿಗೆ ತಿಳಿಯಬೇಕು. ನಾನು ಸೊಸೆಯಾಗಿ ಬಂದಾಗಿನಿಂದ ಅತ್ತೆ ನನ್ನನ್ನು ಏನೂ ಕೇಳಿದವರಲ್ಲ. ಹೇಳುವುದು ಬಹಳ ಇತ್ತು, ಕೇಳುವುದು ಇರಲಿಲ್ಲ. ನನ್ನ ಸಾರು, ನನ್ನ ರಂಗೋಲಿ, ನಾನು ಸೀರೆ ಒಣಗಹಾಕುವ ರೀತಿ, ಎಲ್ಲದಕ್ಕೂ ಅವರ ಹತ್ತಿರ ಒಂದೊಂದು ಮಾತು ಸಿದ್ಧವಿರುತ್ತಿತ್ತು. ಅಂಥವರು ನನ್ನಿಂದ ಒಂದು ವಸ್ತು ಬೇಕು ಎಂದಿದ್ದರು. ಈ ಒಂದು ಚಿತ್ರ ಸರಿಯಾಗಿ ಬಂದರೆ ಈ ಮನೆಯಲ್ಲಿ ನನಗೊಂದು ಜಾಗ ಸಿಕ್ಕೀತು ಎಂದು ನನಗೆ ನಿಜವಾಗಿ ಆಸೆಯಾಯಿತು.

ಮನೆಯೊಳಗೆ ಆಗಲಿಲ್ಲ. ಟ್ಯೂಬ್‌ಲೈಟು, ಬಿಳಿ ಗೋಡೆ, ನಾಲ್ಕೂ ಕಡೆಯಿಂದ ಬೆಳಕು ಬಂದು ಅತ್ತೆಯ ಮುಖ ಆಗಷ್ಟೇ ತಟ್ಟಿದ ರೊಟ್ಟಿಯಂತೆ ಸಪಾಟಾಯಿತು. ಆದ್ದರಿಂದ ಬೆಳಿಗ್ಗೆ ಬಾಗಿಲ ಮುಂದೆ, ಗೋಡೆಯ ನೆರಳು ಮುಗಿದು ಬಿಸಿಲು ಶುರುವಾಗುವ ಗಡಿಯಲ್ಲಿ ಕುರ್ಚಿ ಹಾಕಿದೆ. ಎಡಗೆನ್ನೆಗೆ ಬಿಸಿಲು, ಬಲಗೆನ್ನೆಗೆ ನೆರಳು. ಎಷ್ಟು ಚೆಂದ ಕಂಡಿತೆಂದರೆ, ಗಡ್ಡದ ಮಹಾನುಭಾವನಿಗೆ ಮನಸ್ಸಿನಲ್ಲೇ ಕೈ ಮುಗಿದೆ.

ಆದರೆ ಹೊಸಪೇಟೆಯಲ್ಲಿ ಮನುಷ್ಯರನ್ನು ಬಿಸಿಲಿನಲ್ಲಿ ಕೂರಿಸುವ ಪದ್ಧತಿಯೇ ಇಲ್ಲ. ಇಲ್ಲಿ ಬಂದವರಿಗೆ ಮೊದಲ ಉಪಚಾರವೇ ನೆರಳಿಗೆ ಕರೆಯುವುದು, ನೀರು ಆಮೇಲೆ. ಹಾಲಿನವಳು ಬಂದವಳೇ, "ಯವ್ವಾ, ಬಿಸಿಲಾಗ ಯಾಕ್ ಕುಂತೀರಿ, ಈ ಕಡಿ ಸರೀರಿ" ಎಂದು ಕುರ್ಚಿ ಎಳೆದಳು. ನಾನು ಮತ್ತೆ ಗಡಿಗೆ ತಂದೆ. ತರಕಾರಿಯವನು ಗಾಡಿ ನಿಲ್ಲಿಸಿ ಎಳೆದ. ಪೇಪರ್ ಹಾಕುವ ಹುಡುಗ ಎಳೆದ. ಪ್ರತಿ ಸಲ ಕುರ್ಚಿ ಸರಿದಾಗಲೂ ಮೂಗಿನ ನೆರಳು ಜಾಗ ಬದಲಿಸಿ, ನನ್ನ ಕಾಗದದಲ್ಲಿ ಅತ್ತೆಗೆ ಮೊದಲು ಮೀಸೆ ಬಂತು, ಆಮೇಲೆ ಮೀಸೆ ಕೆನ್ನೆಯವರೆಗೆ ಬೆಳೆಯಿತು. ಅತ್ತೆ ಮಾತ್ರ ಕುರ್ಚಿ ಎಳೆದತ್ತ ಹೋಗಿ ಕೂರುತ್ತಿದ್ದರು. ಎದುರು ಮನೆಯ ಈರಮ್ಮ ತನ್ನ ಕಟ್ಟೆಯ ಮೇಲಿಂದ ಇದನ್ನೆಲ್ಲ ಒಂದು ವಾರ ನೋಡಿದಳು. ಕೇಳಲಿಲ್ಲ, ಫೋನ್ ಮಾಡಿದಳು.

ಮುಂದಿನ ಭಾನುವಾರ ನನ್ನ ನಾದಿನಿ ಮೆಟ್ರಿಯ ಗಂಡನ ಮನೆಯಿಂದ ಬಂದಿಳಿದಳು. ಚಪ್ಪಲಿ ಬಿಡುವ ಮೊದಲೇ, "ಅತ್ತಿಗೀ, ನಮ್ಮವ್ವನ್ನ ದಿನಾ ಬಿಸಿಲಾಗ ಕುಂದ್ರಿಸ್ತೀರಂತಲ್ಲ! ಓದಿದಾಕಿ ಮಾಡೋ ಕೆಲಸೇನ್ರಿ ಇದು?" ಎಂದಳು.

ನಾನು ಚಿತ್ರ ತೋರಿಸಿದೆ. ಅದೇ ನನ್ನ ಏಕಮಾತ್ರ ಸಾಕ್ಷಿ. ಆ ಹೊತ್ತಿಗೆ ಮೀಸೆ ತೆಗೆದಿದ್ದೆ, ನೆರಳಿನ ಭಾಗ ನನ್ನ ಮಟ್ಟಿಗೆ ಚೆನ್ನಾಗಿಯೇ ಬಂದಿತ್ತು. ಅವಳು ದೂರ ಹಿಡಿದು ನೋಡಿದಳು, ಹತ್ತಿರ ಹಿಡಿದು ನೋಡಿದಳು. "ಅರ್ಧ ಮಾರಿಗೆ ಮಸಿ ಬಳದೀರಿ. ಇನ್ನರ್ಧ ಎಲ್ಲೈತಿ?"

"ಅದು ಬೆಳಕು. ಬೆಳಕನ್ನ ಬರೆಯಂಗಿಲ್ಲವ್ವ, ಬಿಡ್ತಾರ" ಎಂದೆ. ಎಂಟನೇ ತರಗತಿಯವರು ಕೂಡ ನನ್ನನ್ನು ಹಾಗೆ ನೋಡಿದ್ದಿಲ್ಲ.

ಅತ್ತೆ ನನ್ನ ಪರವಾಗಿ ಒಂದು ಮಾತಾಡಿಯಾರು ಎಂದು ಕಾದೆ. ಅವರು ಚೀಲಕ್ಕೆ ಸೀರೆ ಹಾಕಿಕೊಂಡರು. "ನಾಕ್ ದಿನ ಇದ್ ಬರ್ತೀನಿ" ಎಂದು ಮಗಳ ಹಿಂದೆ ಹೊರಟುಹೋದರು. ಕಟ್ಟೆಯ ಮೇಲಿದ್ದ ಈರಮ್ಮ ಕೈ ಬೀಸಿ ಬೀಳ್ಕೊಟ್ಟಳು. ನಾನು ಒಳಗೆ ಹೋಗಿ ಅತ್ತುಬಿಟ್ಟೆ.

ಅತ್ತೆ ಬರುವುದರೊಳಗೆ ಚಿತ್ರ ಮುಗಿಸಿ ಎಲ್ಲರ ಬಾಯಿ ಮುಚ್ಚಿಸಬೇಕೆಂದು ಹಟ ಬಂತು. ದಿನವೂ ಶಾಲೆಯಿಂದ ಬಂದು, ಖಾಲಿ ಕುರ್ಚಿ ಎದುರಿಗಿಟ್ಟುಕೊಂಡು ಬರೆಯುತ್ತಿದ್ದೆ. ಆಶ್ಚರ್ಯವೆಂದರೆ ಕೈ ಸರಾಗವಾಗಿ ಓಡಿತು. ನನ್ನ ಸಾರನ್ನು ಪಾತ್ರೆ ತೊಳೆದ ನೀರು ಎಂದಾಗ ಹುಬ್ಬುಗಳ ನಡುವೆ ಬಿದ್ದ ಗಂಟು ನೆನಪಿತ್ತು. ನನ್ನ ತವರಿನಿಂದ ಬಂದ ಸೀರೆಯ ಅಂಚು ಮುಟ್ಟಿ ನೋಡಿದಾಗ ತುಟಿಯ ತುದಿ ಕೆಳಗಿಳಿದದ್ದು ನೆನಪಿತ್ತು. ಇಷ್ಟು ದಿನ ಕಾಡಿಸಿದ ಮುಖ ತಾನಾಗಿ ಎದ್ದು ಬರುತ್ತಿತ್ತು.

ಆಗ ಮೆಟ್ರಿಯಿಂದ ಫೋನ್ ಬಂತು. "ಏನ್ ಮಾಡಾಕತ್ತಿ?" ಎಂದರು ಅತ್ತೆ.

"ನಿಮ್ಮ ಚಿತ್ರಾನ ಬರಿಯಾಕತ್ತೀನ್ರಿ ಅತ್ತಿ. ಇನ್ನೇನು ಮುಗೀತು."

"ನಾ ಇಲ್ಲಿದ್ದೀನಿ. ಯಾರ್ನ ನೋಡಿ ಬರೀತಿ?"

"ನೆನಪಿಂದ."

"ನೆನಪಿಂದ ಬ್ಯಾಡವ್ವ" ಎಂದರು ಅತ್ತೆ, ಅಷ್ಟು ವರ್ಷಗಳಲ್ಲಿ ನಾನು ಕೇಳಿರದಷ್ಟು ಮೆತ್ತಗೆ. "ಪೆನ್ಸಿಲ್ ಕೆಳಗಿಡು. ನಾಳೆ ನಾನ ಬಂದು ಕುಂದರ್ತೀನಿ. ಬಿಸಿಲಾದ್ರ ಆಗ್ಲಿ."

ಫೋನಿಟ್ಟು, ಎಡಗೆನ್ನೆಯ ಬಿಸಿಲಿಗೆಂದು ಬಿಟ್ಟಿದ್ದ ಬಿಳಿ ಜಾಗವನ್ನು ಕಾಗದದ ಮೇಲೆ ಹುಡುಕಿದೆ. ಬೆರಳಿಡುವಷ್ಟೂ ಉಳಿದಿರಲಿಲ್ಲ.