ಹಿಸ್ಟೋಗ್ರಾಮಿಗೆ ತೆಂಗಿನಕಾಯಿ

ನನಗೆ ಹಿಸ್ಟೋಗ್ರಾಮ್ ಬರುತ್ತದೆ! ಹನೂರಿನಿಂದ ಅಜ್ಜೀಪುರಕ್ಕೆ ಹೋಗುವ ಹಾದಿಯಲ್ಲಿ ಈ ಮಾತನ್ನು ಎದೆ ತಟ್ಟಿ ಹೇಳಬಲ್ಲ ಉಪಾಧ್ಯಾಯ ಆಗ ನಾನೊಬ್ಬನೇ. ಕೊಯಮತ್ತೂರಿನ ತರಬೇತಿಯಲ್ಲಿ ಕಲಿತು ಬಂದಿದ್ದೆ. ನಮ್ಮ ತಾಲ್ಲೂಕು ಆಗಿನ್ನೂ ಮದರಾಸಿಗೆ ಸೇರಿತ್ತು. ವಿದ್ಯೆಯೂ ಆ ಕಡೆಯಿಂದಲೇ ಬರಬೇಕು, ಇನ್‌ಸ್ಪೆಕ್ಟರೂ ಆ ಕಡೆಯಿಂದಲೇ ಬರಬೇಕು.

ಆ ಸಲ ಇನ್‌ಸ್ಪೆಕ್ಟರು ಬರುತ್ತಾರೆಂದರೆ ನಮ್ಮ ಮನೆಯಲ್ಲಿ ಮದುವೆ ಸಂಭ್ರಮ. ಕೊಳ್ಳೇಗಾಲದಲ್ಲಿ ಒಂದು ಜಾಗ ಖಾಲಿಯಿತ್ತು. ನನ್ನ ಹೆಂಡತಿ ಪುಟ್ಟತಾಯಿಯ ತವರು ಕೊಳ್ಳೇಗಾಲ. ಸಾಹೇಬರು ಮೆಚ್ಚಿದರೆ ಅಲ್ಲಿಗೆ ವರ್ಗ. ಇಲ್ಲದಿದ್ದರೆ ರಸ್ತೆ ಬದಿಯ ಈ ಒಂಟಿ ಮೇಷ್ಟ್ರ ಶಾಲೆಯೇ ಗತಿ. ಅವಳು ಆಗಲೇ ಟ್ರಂಕು ತುಂಬಿ ಬೀಗ ಹಾಕಿದ್ದಳು.

"ಸಾಯೇಬ್ರಿಗೆ ಏನ್ ತೋರುಸ್ತೀರಿ?" ಎಂದಳು.

"ಹಿಸ್ಟೋಗ್ರಾಮ್!"

"ಅದ್ರ ಜೊತೆಗೆ ನಾಕು ಒಬ್ಬಟ್ಟೂ ಇರ್ಲಿ ಬುಡಿ."

ಅವಳಿಗೆ ಗಣಿತದ ಮಹಿಮೆ ತಿಳಿಯದು. ನಾನು ಮಕ್ಕಳನ್ನೆಲ್ಲ ಬಾಗಿಲ ಚೌಕಟ್ಟಿಗೆ ಒರಗಿಸಿ ಎತ್ತರ ಅಳೆದೆ. ತೀರ ಕುಳ್ಳರದು ಒಂದು ಗುಂಪು, ಅವರಿಗಿಂತ ತುಸು ಉದ್ದದವರದು ಇನ್ನೊಂದು, ಹೀಗೇ ಕೊನೆಯವರೆಗೆ. ಗುಂಪಿಗೊಂದು ಪಟ್ಟೆ. ಗುಂಪಿನಲ್ಲಿ ಮಕ್ಕಳು ಹೆಚ್ಚಿದ್ದಷ್ಟೂ ಪಟ್ಟೆ ಎತ್ತರ. ಇಷ್ಟೇ ಹಿಸ್ಟೋಗ್ರಾಮ್. ಸಾಧಾರಣ ಎತ್ತರದವರೇ ಎಲ್ಲೆಲ್ಲೂ ಜಾಸ್ತಿ. ಆದ್ದರಿಂದ ನಡುವಿನ ಪಟ್ಟೆ ಎಲ್ಲಕ್ಕಿಂತ ದೊಡ್ಡದು, ಅದರ ಎರಡೂ ಕಡೆ ಇಳಿಜಾರು.

ಕಾಗದದಲ್ಲಿ ಬರೆದು ಸುಮ್ಮನಿದ್ದರೆ ಮಾನ ಉಳಿಯುತ್ತಿತ್ತು. ಆದರೆ ಸಾಹೇಬರು ಗಾಡಿ ಇಳಿಯುವ ಮೊದಲೇ ಕಣ್ಣಿಗೆ ಬೀಳಲಿ ಎಂದು ಶಾಲೆಯ ರಸ್ತೆ ಕಡೆಯ ಗೋಡೆಯನ್ನೇ ಆರಿಸಿಕೊಂಡೆ. ಇಲ್ಲೊಂದು ಶಾಸ್ತ್ರದ ಸೂಕ್ಷ್ಮವಿದೆ. ಹಿಸ್ಟೋಗ್ರಾಮಿನಲ್ಲಿ ಪಟ್ಟೆಗಳ ನಡುವೆ ಸಂದು ಬಿಡುವ ಹಾಗಿಲ್ಲ, ಒಂದಕ್ಕೊಂದು ಅಂಟಿಕೊಂಡೇ ನಿಲ್ಲಬೇಕು. ಒಂದೇ ಬಣ್ಣ ಬಳಿದರೆ ಯಾವುದು ಯಾವುದೆಂದು ತಿಳಿಯುವುದಿಲ್ಲ. ಊರಿನಲ್ಲಿ ಸಿಗುವ ಬಣ್ಣಗಳೋ ಎರಡೇ: ಸುಣ್ಣ ಮತ್ತು ಕೆಮ್ಮಣ್ಣು. ಹಾಗಾಗಿ ಒಂದು ಪಟ್ಟೆ ಬಿಳಿ, ಪಕ್ಕದ್ದು ಕೆಂಪು, ಮತ್ತೆ ಬಿಳಿ, ಮತ್ತೆ ಕೆಂಪು. ಆಮೇಲೆ ಪ್ರತಿ ಪಟ್ಟೆಯ ನೆತ್ತಿಯ ನಡುವೆ ಚುಕ್ಕೆಯಿಟ್ಟು, ಚುಕ್ಕೆಗಳನ್ನು ಇದ್ದಿಲಿನ ಗೆರೆಯಿಂದ ಕೂಡಿಸಿ, ಗೆರೆಯ ಎರಡೂ ತುದಿಗಳನ್ನು ಬುಡಕ್ಕೆ ಇಳಿಸಿದೆ. ಇದಕ್ಕೆ ಆವೃತ್ತಿ ಬಹುಭುಜ ಎಂದು ಹೆಸರು. ದೂರ ನಿಂತು ನೋಡಿದೆ. ನನಗೇ ಕೈಮುಗಿಯಬೇಕೆನ್ನಿಸಿತು. ಆಗಲೇ ಎಚ್ಚೆತ್ತುಕೊಳ್ಳಬೇಕಾಗಿತ್ತು!

ಸುಣ್ಣ ಕೆಮ್ಮಣ್ಣಿನ ಪಟ್ಟೆ ಬಳಿದ ಗೋಡೆಯೆಂದರೆ ನಮ್ಮ ಸೀಮೆಯಲ್ಲಿ ಏನೆಂದು ಮೊಲೆಹಾಲು ಕುಡಿಯುವ ಕೂಸಿಗೂ ಗೊತ್ತು. ದೇವಸ್ಥಾನ! ಅದರ ಮೇಲೆ ಬೆಟ್ಟದ ಹಾಗೆ ಏರಿ ಇಳಿದ ಕಪ್ಪು ಗೆರೆ ಬೇರೆ. ಮರುದಿನ, ಅಮಾವಾಸ್ಯೆಗೆ ಮಾದಪ್ಪನ ಬೆಟ್ಟಕ್ಕೆ ನಡೆದು ಹೊರಟಿದ್ದ ಮಾಂಬಳ್ಳಿ ಕಡೆಯ ಜನ ನಮ್ಮ ಗೋಡೆಯ ಮುಂದೆ ಗಂಟು ಇಳಿಸಿ "ಉಘೇ ಮಾದಪ್ಪಾ!" ಎಂದು ಕೂಗಿದರು. ಒಳಗೆ ಮಗ್ಗಿ ಹೇಳುತ್ತಿದ್ದ ನನ್ನ ಮಕ್ಕಳೂ ಮಗ್ಗಿ ಬಿಟ್ಟು "ಉಘೇ!" ಎಂದವು.

ಹೊರಗೆ ಓಡಿದೆ. ಒಬ್ಬ ಅಜ್ಜಿ ದೊಡ್ಡ ಪಟ್ಟೆಗೆ ವಿಭೂತಿ ಬಳಿಯುತ್ತಿದ್ದಳು.

"ಅಜ್ಜೀ, ಇದು ದೇವರಲ್ಲ!"

"ಮತ್ತಿನ್ನೇನಪ್ಪಾ ಇದು?"

ಬುದ್ಧಿಯಿದ್ದವನು "ಗೋಡೆ" ಎಂದು ಸುಮ್ಮನಾಗುತ್ತಿದ್ದ. ನಾನು ತರಬೇತಿ ಪಡೆದವನು! ಕೋಲು ತಂದು ಪಾಠವನ್ನೇ ಶುರುಮಾಡಿದೆ. "ನೋಡಜ್ಜಿ, ಈ ಕಡೇ ಪಟ್ಟೇಲಿ ಮಕ್ಕಳು ಕಮ್ಮಿ. ಇದರಲ್ಲಿ ಸ್ವಲ್ಪ ಜಾಸ್ತಿ. ಈ ನಡುವಿನದು ಇದೆಯಲ್ಲ, ಇದರಲ್ಲಿ ಎಲ್ಲಕ್ಕಿಂತ ಹೆಚ್ಚು ಮಕ್ಕಳು!"

ಅಜ್ಜಿ ಸೊಸೆಯ ರಟ್ಟೆ ಹಿಡಿದು ಎಳೆದಳು. "ಬಾಮ್ಮಿ ಇಲ್ಲಿ! ಆ ಚಿಕ್ಕದ್ನ ಮುಟ್ಟಗಿಟ್ಟೀಯ. ದೊಡ್ಡದ್ನ ತಬ್ಕೊ!"

ಬೆಟ್ಟದಿಂದ ಜನ ವಾಪಸ್ಸು ಬರುವಷ್ಟರಲ್ಲಿ ಸುದ್ದಿ ಸುತ್ತ ಊರುಗಳಿಗೆಲ್ಲ ಹಬ್ಬಿತ್ತು. ಮಕ್ಕಳಿಲ್ಲದವರು ಹರಕೆ ಹೊತ್ತು ಕಟ್ಟಿದ ಬಟ್ಟೆಯ ಪುಟ್ಟ ತೊಟ್ಟಿಲುಗಳು ಶಾಲೆಯ ಕಿಟಕಿ ಸರಳಿಗೆ ನೇತಾಡುತ್ತಿದ್ದವು. ಮೂಲೆಯ ಕುಳ್ಳ ಪಟ್ಟೆಯ ಹತ್ತಿರ ಯಾರೂ ಸುಳಿಯುತ್ತಿರಲಿಲ್ಲ, ಪಾಪ. ಗಾಬರಿಯಾಗಿ ಬಕೆಟ್ಟು ಸುಣ್ಣ ಕಲಸಿಕೊಂಡು ಅಳಿಸಲು ಹೊರಟೆ. ಊರಿನ ಯಜಮಾನ ಪುಟ್ಟಮಾದಪ್ಪ ಬಕೆಟ್ಟಿಗೇ ಕೈಹಾಕಿ ತಡೆದ.

"ಎಲ್ಲಾರ ಉಂಟಾ ಸಾ? ದೇವ್ರ ಮ್ಯಾಲೇ ಸುಣ್ಣ ಬಳ್ದೀರಾ?"

"ಅಯ್ಯೋ, ಆ ಗೆರೆ ಎಳೆದವನು ನಾನು ಕಣ್ರಿ!"

"ಎಳ್ಸಿದೋನು ಯಾರು ಸಾ?"

ಕಲಸಿದ ಸುಣ್ಣ ಹಾಳಾಗಬಾರದೆಂದು ನಮ್ಮ ಮನೆಯ ಗೋಡೆಗೆ ಬಳಿದೆ.

ಇನ್‌ಸ್ಪೆಕ್ಟರು ಬಂದೇಬಿಟ್ಟರು. ಕರ್ಪೂರದ ಹೊಗೆ ನೋಡಿ ಗಾಡಿಯ ಬಳಿಯೇ ಬೂಟು ಬಿಚ್ಚಿದರು. ಯಾರೋ ಕೊಟ್ಟ ವಿಭೂತಿ ಹಚ್ಚಿಕೊಂಡು, ಕಟ್ಟಡವನ್ನು ಭಕ್ತಿಯಿಂದ ಒಂದು ಸುತ್ತು ಬಂದು, ನನ್ನ ಮುಂದೆ ನಿಂತರು.

"ಕೋವಿಲ್ ರೊಂಬ ಚೆನ್ನಾಗಿದೆ. ಒಳ್ಳೇ ದೇವಸ್ಥಾನ! ಸರಿ, ಶಾಲೆ ಎಲ್ಲಿ?"

ನಾನು ತೊದಲುತ್ತ ನಡೆದದ್ದೆಲ್ಲ ಹೇಳಿದೆ. ಅವರು ಪಟ್ಟೆಗಳನ್ನು ನೋಡಿದರು, ತೊಟ್ಟಿಲುಗಳನ್ನು ನೋಡಿದರು, ನನ್ನನ್ನು ನೋಡಿದರು. ಅವರು ತುಟಿ ಬಿಚ್ಚುವ ಮೊದಲೇ ಪುಟ್ಟಮಾದಪ್ಪ ಅಡ್ಡಬಿದ್ದ. "ಬುದ್ಧೀ, ಮೇಷ್ಟ್ರನ್ನ ಮಾತ್ರ ಎಲ್ಲಿಗೂ ಕಳುಸ್ಬ್ಯಾಡಿ! ಯಾವ ಪಟ್ಟೇಲಿ ಎಷ್ಟು ಮಕ್ಳವೆ ಅಂತ ಅವ್ರಿಗೊಬ್ರಿಗೇ ಗೊತ್ತಿರೋದು!"

ಸಾಹೇಬರ ಕಣ್ಣು ಒದ್ದೆಯಾಯಿತು. "ಮೇಷ್ಟ್ರು ಬೇಡ ಅನ್ನುವ ಊರುಗಳನ್ನೇ ನೋಡಿದ್ದೇನೆ. ಬೇಕು ಅಂದ ಊರು ಇದೊಂದೇ! ಇಂಥವರನ್ನು ಕೊಳ್ಳೇಗಾಲಕ್ಕೆ ಕಳಿಸಿದರೆ ನನಗೆ ಪಾಪ ಬರುತ್ತದೆ. ನೀವು ಇಲ್ಲೇ ಇರಿ!" ಎಂದು ಬೆನ್ನು ತಟ್ಟಿದರು. ಒಬ್ಬಟ್ಟನ್ನೂ ತಿಂದು ಹೋದರು.

ಪುಟ್ಟತಾಯಿ ಟ್ರಂಕಿನ ಬೀಗ ತೆಗೆದು ಸೀರೆಗಳನ್ನು ಮತ್ತೆ ಗೂಟಕ್ಕೆ ಹಾಕಿದಳು. ಸಂಜೆ ಮುಖ ತೊಳೆದು, ತಟ್ಟೆಯಲ್ಲಿ ಹೂವು, ಕಾಯಿ ಇಟ್ಟುಕೊಂಡು ಹೊರಟಳು.

"ಎಲ್ಲಿಗೆ?"

"ಗೋಡೆ ತಾವ್ಕೆ. ಕೊಳ್ಳೇಗಾಲಕ್ಕೆ ವರ್ಗ ಆಗ್ಲಿ ಅಂತ ಕೇಳ್ಕತೀನಿ."

"ಅದು ಮಕ್ಕಳ ಎತ್ತರ ಕಣೇ!"

"ನಿಮ್ಮನ್ನ ನಂಬಿ ಆದದ್ದು ಕಂಡ್ನಲ್ಲ. ಇನ್ ಅದ್ನಾರ ನಂಬ್ತೀನಿ, ಬುಡಿ."

ನಾನು ತಲೆ ತಗ್ಗಿಸಿ ಹಿಂದೆಯೇ ಹೋದೆ. ಕಾಯಿ ಒಡೆದವನೂ ನಾನೇ. ಚಪ್ಪಲಿ ದೂರದಲ್ಲೇ ಬಿಟ್ಟಿದ್ದೆ!